ಹೆಸರಿಗಿಂತ ಮೊದಲು ಬಂದ ಕರಾರು

2011ರ ನವೆಂಬರ್ 18ರಂದು ಚೀನಾ ದೇಶದ ಸಾಗರ ಖನಿಜ ಸಂಪನ್ಮೂಲ ಸಂಘವು ಅಂತಾರಾಷ್ಟ್ರೀಯ ಸಾಗರತಳ ಪ್ರಾಧಿಕಾರದೊಂದಿಗೆ ಒಂದು ಕರಾರು ಮಾಡಿಕೊಂಡಿತು. ಹಿಂದೂ ಮಹಾಸಾಗರದ ನೈಋತ್ಯ ಭಾಗದಲ್ಲಿ ನೀರಿನಡಿ ಹಬ್ಬಿರುವ ಪರ್ವತಶ್ರೇಣಿಯ 10,000 ಚದರ ಕಿಲೋಮೀಟರ್ ಪ್ರದೇಶದಲ್ಲಿ, ತಾಮ್ರ, ಸತು, ಚಿನ್ನ, ಬೆಳ್ಳಿಗಳು ಬೆರೆತ ಸಲ್ಫೈಡು ಅದಿರನ್ನು ಶೋಧಿಸುವ ಏಕಸ್ವಾಮ್ಯವು ಆ ಸಂಘಕ್ಕೆ ಹದಿನೈದು ವರ್ಷಗಳ ಮಟ್ಟಿಗೆ ದೊರೆಯಿತು. ಅದೇ ನವೆಂಬರ್ ತಿಂಗಳಲ್ಲಿ ಬ್ರಿಟನ್ನಿನ ಸಂಶೋಧನ ನೌಕೆ ‘ಜೇಮ್ಸ್ ಕುಕ್’ ಆ ಪರ್ವತಶ್ರೇಣಿಯ ಲೋಂಗ್‌ಚಿ ಎಂಬ ಬಿಸಿನೀರ ಚಿಲುಮೆಗಳ ತಾಣಕ್ಕೆ, ಹಡಗಿನಿಂದಲೇ ನಡೆಸಬಹುದಾದ ಯಂತ್ರವೊಂದನ್ನು ಇಳಿಸಿತು. ಸುಮಾರು 2,780 ಮೀಟರ್ ಆಳದಲ್ಲಿ ಚಿಲುಮೆಗಳ ಬುಡಕ್ಕೆ ಒತ್ತೊತ್ತಾಗಿ ಅಂಟಿಕೊಂಡಿದ್ದ ಬಸವನಹುಳುಗಳನ್ನು ಆ ಯಂತ್ರ ಕಂಡಿತು. ಕೆಲವನ್ನು ಮೇಲಕ್ಕೆ ತಂದಿತು. ಆ ನೆಲಕ್ಕೆ ಆಗಲೇ ಕರಾರಿತ್ತು, ಗಡಿಯಿತ್ತು, ಅವಧಿಯಿತ್ತು. ಅದರ ಮೇಲೆ ಬದುಕುತ್ತಿದ್ದ ಜೀವಿಗೆ ಮಾತ್ರ ಶಾಸ್ತ್ರಸಮ್ಮತವಾದ ಹೆಸರಿರಲಿಲ್ಲ. ಅದು ಬರಲು ಇನ್ನೂ ನಾಲ್ಕು ವರ್ಷಗಳು ಬೇಕಾದವು.

ಈ ಜೀವಿ ಅಜ್ಞಾತವಾಗಿತ್ತೆಂದು ಇದರ ಅರ್ಥವಲ್ಲ. ಹತ್ತು ವರ್ಷಗಳ ಹಿಂದೆಯೇ ಅದನ್ನು ಕಂಡಿದ್ದರು. ಅದರ ಚಿತ್ರ ಜಗತ್ತಿನ ಪ್ರತಿಷ್ಠಿತ ವಿಜ್ಞಾನಪತ್ರಿಕೆಯಲ್ಲಿ ಬಂದಿತ್ತು. ಅದರ ಚಿಪ್ಪನ್ನು ಕೊಯ್ದು, ಒತ್ತಿ, ಅಳೆದು ನೋಡಿದ ಲೇಖನಗಳೂ ಪ್ರಕಟವಾಗಿದ್ದವು. ಕಾಣುವುದಕ್ಕೂ ಹೆಸರಿಸುವುದಕ್ಕೂ ನಡುವೆ ಉಳಿದುಹೋದ ಈ ಹದಿನಾಲ್ಕು ವರ್ಷಗಳ ಅಂತರವೇ ಈ ಜೀವಿಯ ಚರಿತ್ರೆಯಲ್ಲಿ ಮುಖ್ಯವಾದ ಸಂಗತಿ. ಆದರೆ ಅದನ್ನು ಅರಿಯಲು ಒಂದೂವರೆ ಶತಮಾನದಷ್ಟು ಹಿಂದಕ್ಕೆ ಹೋಗಬೇಕಾಗುತ್ತದೆ.

ಆಳಸಮುದ್ರವು ಬರಿದು ಎಂಬ ಭಾವನೆಗೆ ಶಾಸ್ತ್ರದ ರೂಪ ಕೊಟ್ಟವನು ಎಡ್ವರ್ಡ್ ಫೋರ್ಬ್ಸ್. 1841–42ರಲ್ಲಿ ಏಜಿಯನ್ ಸಮುದ್ರದಲ್ಲಿ ‘ಬೀಕನ್’ ನೌಕೆಯಿಂದ ಬಲೆ ಎಳೆಸಿದ ಈತ, ಆಳ ಹೆಚ್ಚಿದಂತೆ ಜೀವಿಗಳ ಸಂಖ್ಯೆ ಕುಗ್ಗುತ್ತದೆಂದು ಗುರುತಿಸಿ, ಸುಮಾರು 300 ಫ್ಯಾದಮ್, ಎಂದರೆ 550 ಮೀಟರಿನ ಕೆಳಗೆ ಜೀವವೇ ಇರಲಾರದೆಂದು ಊಹಿಸಿದ. ವಿಚಿತ್ರವೆಂದರೆ ಈ ಊಹೆಗೆ ವಿರುದ್ಧವಾದ ಆಧಾರಗಳು ಅದಕ್ಕೂ ಮೊದಲೇ ದೊರೆತಿದ್ದವು. 1818ರಲ್ಲಿಯೇ ಜಾನ್ ರಾಸ್ ಉತ್ತರದ ಬ್ಯಾಫಿನ್ ಕೊಲ್ಲಿಯಲ್ಲಿ ಇದಕ್ಕಿಂತ ಹೆಚ್ಚಿನ ಆಳದಿಂದ ನಕ್ಷತ್ರಮೀನಿನ ಬಳಗದ ಜೀವಿಯೊಂದನ್ನು ಎತ್ತಿದ್ದ. ಆದರೂ ಫೋರ್ಬ್ಸನ ಮಾತೇ ಎರಡು ದಶಕಗಳ ಕಾಲ ನಿಂತಿತು. ಏಜಿಯನ್ ಸಮುದ್ರ ಸ್ವಭಾವತಃ ಬಡಜೀವಿಗಳ ಸಮುದ್ರ. ಒಂದು ಕಡಲಿನ ಅನುಭವವನ್ನು ಎಲ್ಲ ಕಡಲುಗಳಿಗೂ ಅನ್ವಯಿಸಿದ್ದು ಆ ಕಾಲದ ಆತುರ. ಅದನ್ನು ಅಲುಗಿಸಿದ್ದು ತಂತಿ ಸಮಾಚಾರ. 1860ರಲ್ಲಿ ಸಾರ್ಡಿನಿಯ ಹಾಗೂ ಆಫ್ರಿಕದ ನಡುವಣ ಮೆಡಿಟರೇನಿಯನ್ ತಳದಿಂದ ದುರಸ್ತಿಗಾಗಿ ಮೇಲೆತ್ತಿದ ತಂತಿಹುರಿಗೆ, 2,000 ಮೀಟರಿಗೂ ಹೆಚ್ಚಿನ ಆಳದಲ್ಲಿ ಬೆಳೆದ ಹವಳ, ಚಿಪ್ಪುಜೀವಿಗಳು ಅಂಟಿಕೊಂಡಿದ್ದವು. ವ್ಯಾಪಾರಕ್ಕಾಗಿ ಹಾಕಿದ ಹುರಿ ವಿಜ್ಞಾನದ ಒಂದು ಸಿದ್ಧಾಂತವನ್ನು ಕೆಡವಿತು. ಆಳಸಮುದ್ರದ ಚರಿತ್ರೆಯಲ್ಲಿ ವ್ಯಾಪಾರವೂ ವಿದ್ಯೆಯೂ ಒಂದೇ ಹಡಗಿನಲ್ಲಿ ಪಯಣಿಸಿದ ನಿದರ್ಶನಗಳಲ್ಲಿ ಇದು ಮೊದಲನೆಯದೂ ಅಲ್ಲ, ಕೊನೆಯದೂ ಅಲ್ಲ.

1872ರ ಡಿಸೆಂಬರಿನಲ್ಲಿ ಹೊರಟು 1876ರ ಮೇ ತಿಂಗಳಲ್ಲಿ ಮರಳಿದ ‘ಚಾಲೆಂಜರ್’ ನೌಕೆಯ ಯಾನ ಎಲ್ಲರಿಗೂ ತಿಳಿದದ್ದೆ. ಅದರ ವರದಿಗಳು ಐವತ್ತು ಸಂಪುಟಗಳಾದವು. ಮುದ್ರಣ ಮುಗಿದದ್ದು 1895ರಲ್ಲಿ. ಇವುಗಳಲ್ಲಿ ಬಸವನಹುಳುಗಳ ಸಂಪುಟವನ್ನು 1886ರಲ್ಲಿ ಹೊರತಂದವರು ರಾಬರ್ಟ್ ಬೂಗ್ ವಾಟ್ಸನ್. ಇವರು ವೃತ್ತಿಯಿಂದ ಸ್ಕಾಟ್ಲೆಂಡಿನ ಪಾದ್ರಿ. ಕೈಬೆರಳಿನ ತುದಿಯಲ್ಲಿ ನಿಲ್ಲಬಲ್ಲ ಚಿಪ್ಪುಗಳನ್ನು ಒಂದೊಂದಾಗಿ ನೋಡಿ, ಸುರುಳಿಗಳನ್ನೆಣಿಸಿ, ಗೆರೆಗಳನ್ನು ವರ್ಣಿಸಿ, ಹೊಸದೆಂದು ಕಂಡದ್ದಕ್ಕೆ ಲ್ಯಾಟಿನ್ ಹೆಸರಿಟ್ಟರು. ಇಂದಿಗೂ ಆಳಸಮುದ್ರದ ಎಷ್ಟೋ ಸಣ್ಣ ಬಸವನಹುಳುಗಳ ಹೆಸರಿನ ಮುಂದೆ ವಾಟ್ಸನ್ ಎಂಬ ಹೆಸರೂ 1880ರ ದಶಕದ ಯಾವುದೋ ಒಂದು ವರ್ಷವೂ ನಿಂತಿರುತ್ತವೆ. ಅವುಗಳಲ್ಲಿ ಬಹುಪಾಲನ್ನು ಜೀವಂತವಾಗಿ ಕಂಡವರಿಲ್ಲ. ಚಿಪ್ಪು, ಹೆಸರು, ಬಲೆ ಎಳೆದ ಸ್ಥಳ ಮತ್ತು ಆಳ, ಇಷ್ಟೇ ಅವುಗಳ ಜೀವನಚರಿತ್ರೆ.

‘ಚಾಲೆಂಜರ್’ ಹಿಂದೂ ಮಹಾಸಾಗರವನ್ನು ಹೆಚ್ಚಾಗಿ ಮುಟ್ಟಲಿಲ್ಲ. ಗುಡ್ ಹೋಪ್ ಭೂಶಿರದಿಂದ ಕೆರ್ಗುಲೆನ್ ದ್ವೀಪಗಳ ಕಡೆಗೆ, ಅಲ್ಲಿಂದ ಹಿಮಸಾಗರದ ಅಂಚಿಗೆ, ಮತ್ತೆ ಮೆಲ್ಬರ್ನಿಗೆ ಎಂದು ದಕ್ಷಿಣದ ಅಂಚಿನಲ್ಲಿಯೇ ಸಾಗಿಹೋಯಿತು. ಆ ಕೊರತೆಯನ್ನು ಸ್ವಲ್ಪಮಟ್ಟಿಗೆ ತುಂಬಿದ್ದು ಮುಂಬಯಿಯ ಹಡಗುಕಟ್ಟೆಯಲ್ಲಿ ನಿರ್ಮಾಣವಾಗಿ 1881ರಲ್ಲಿ ನೀರಿಗಿಳಿದ ‘ಇನ್ವೆಸ್ಟಿಗೇಟರ್’ ಎಂಬ ಸಮೀಕ್ಷಾ ನೌಕೆ. ಬಂಗಾಳ ಕೊಲ್ಲಿ, ಅರಬ್ಬೀ ಸಮುದ್ರ, ಅಂಡಮಾನ್ ಕಡಲುಗಳ ಆಳ ಅಳೆಯುವುದು ಇದರ ಮುಖ್ಯ ಕೆಲಸ. ಜೀವಿಗಳನ್ನು ಸಂಗ್ರಹಿಸುವುದು ಬಿಡುವಿನ ಕೆಲಸ. ಹಡಗಿನ ವೈದ್ಯನೇ ಪ್ರಕೃತಿವಿಜ್ಞಾನಿಯೂ ಆಗಿರುತ್ತಿದ್ದ. ಅಂಥವರಲ್ಲಿ ಪ್ರಸಿದ್ಧನಾದ ಆಲ್ಫ್ರೆಡ್ ಆಲ್ಕಾಕ್ 1902ರಲ್ಲಿ ಆ ಯಾನಗಳ ಅನುಭವಕಥನವನ್ನೂ ಬರೆದ. ಸಂಗ್ರಹವು ಕಲ್ಕತ್ತೆಯ ಇಂಡಿಯನ್ ಮ್ಯೂಸಿಯಮ್ಮಿಗೆ ಸೇರುತ್ತಿತ್ತು. ಮೃದ್ವಂಗಿಗಳನ್ನು ಲಂಡನ್ನಿನ ಬ್ರಿಟಿಷ್ ಮ್ಯೂಸಿಯಮ್ಮಿನ ಎಡ್ಗರ್ ಸ್ಮಿತ್ ವರ್ಣಿಸುತ್ತಿದ್ದ. 1892ರಿಂದ ಪ್ರಕಟವಾಗತೊಡಗಿದ ಈ ನೌಕೆಯ ಪ್ರಾಣಿಚಿತ್ರಸಂಪುಟಗಳ ಫಲಕಗಳನ್ನು ಬರೆದ ಎ. ಸಿ. ಚೌಧರಿ, ಎಸ್. ಸಿ. ಮಂಡಲ್ ಎಂಬ ಬಂಗಾಳಿ ಚಿತ್ರಕಾರರ ಹೆಸರುಗಳು ಫಲಕದ ಅಡಿಯಲ್ಲಿ ಸಣ್ಣಕ್ಷರಗಳಲ್ಲಿ ಉಳಿದಿವೆ. ಪ್ರಾಣಿಗಳಿಗೆ ಹೆಸರಿಟ್ಟವರು ಪ್ರಸಿದ್ಧರಾದರು. ಅವುಗಳ ರೂಪವನ್ನು ಕಣ್ಣಿಟ್ಟು ಕಂಡು ಬಿಡಿಸಿದವರು ಅಂಚಿನಲ್ಲಿ ಉಳಿದರು. ಈ ಫಲಕಗಳ ಬಗೆಗೆ ಪ್ರತ್ಯೇಕವಾದ ಅಧ್ಯಯನವೇ ನಡೆಯಬೇಕು.

ಈ ಎಲ್ಲ ಹಡಗುಗಳ ಉಪಕರಣ ಒಂದೇ: ಉದ್ದನೆಯ ಹಗ್ಗ, ಅದರ ತುದಿಗೊಂದು ಬಲೆ. ಅದು ಕೆಸರಿನ ಬಯಲಿನಲ್ಲಿ ಸಾಗಬಲ್ಲದು; ಕಲ್ಲಿನ ಕಣಿವೆಯಲ್ಲಿ ಸಿಕ್ಕಿಕೊಂಡು ಹರಿದುಹೋಗುತ್ತದೆ. ಬಿಸಿನೀರ ಚಿಲುಮೆಗಳಿರುವುದು ಕಲ್ಲಿನ ಕಣಿವೆಯಲ್ಲಿ. ಅವು ವ್ಯಾಪಿಸಿರುವ ಜಾಗ ಒಂದು ಊರಿನ ಸಂತೆಮಾಳಕ್ಕಿಂತ ದೊಡ್ಡದೇನಲ್ಲ. ಆದುದರಿಂದ ಅವು ಯಾರ ಬಲೆಗೂ ಬೀಳದೆ ಉಳಿದದ್ದು ಸಹಜವೇ ಆಗಿದೆ. 1977ರಲ್ಲಿ ಪೂರ್ವ ಪೆಸಿಫಿಕ್ಕಿನ ಗಲಾಪಗೋಸ್ ಬಿರುಕಿನಲ್ಲಿ ‘ಆಲ್ವಿನ್’ ಎಂಬ ಜಲಾಂತರ್ಯಾನ ಸುಮಾರು 2,500 ಮೀಟರ್ ಆಳಕ್ಕೆ ಇಳಿದು ಮೊದಲ ಬಾರಿಗೆ ಇಂಥ ಚಿಲುಮೆಯನ್ನೂ ಅದರ ಸುತ್ತ ತುಂಬಿದ್ದ ಜೀವರಾಶಿಯನ್ನೂ ಕಂಡಿತು. ಆ ತಂಡದಲ್ಲಿ ಭೂವಿಜ್ಞಾನಿಗಳೂ ರಸಾಯನಶಾಸ್ತ್ರಜ್ಞರೂ ಇದ್ದರು. ಜೀವವಿಜ್ಞಾನಿ ಒಬ್ಬರೂ ಇರಲಿಲ್ಲ. ಜೀವಿಗಳನ್ನು ಕೆಡದಂತೆ ಇಡುವ ದ್ರಾವಣ ಸಾಕಷ್ಟಿಲ್ಲದೆ ಕೆಲವನ್ನು ರಷ್ಯದ ವೋಡ್ಕಾದಲ್ಲಿ ಅದ್ದಿಟ್ಟರು ಎಂಬುದು ಈ ಕ್ಷೇತ್ರದವರು ಇಂದಿಗೂ ನೆನೆಯುವ ಸಂಗತಿ. ಅಲ್ಲಿ ಸೂರ್ಯನ ಬೆಳಕಿಲ್ಲ, ಸಸ್ಯವಿಲ್ಲ. ಭೂಗರ್ಭದಿಂದ ಹೊಮ್ಮುವ ಹೈಡ್ರೋಜನ್ ಸಲ್ಫೈಡನ್ನು ಬಳಸಿ ಬ್ಯಾಕ್ಟೀರಿಯಾಗಳು ಆಹಾರ ತಯಾರಿಸುತ್ತವೆ, ಉಳಿದವರು ಅವನ್ನು ಆಶ್ರಯಿಸುತ್ತಾರೆ. ಅಟ್ಲಾಂಟಿಕ್ಕಿನ ಕಪ್ಪುಹೊಗೆಯ ಚಿಲುಮೆಗಳು 1985ರಲ್ಲಿ ಗೊತ್ತಾದವು. ಹಿಂದೂ ಮಹಾಸಾಗರದ ಸರದಿ ಬಂದದ್ದು ಕೊನೆಗೆ, 2000ದಲ್ಲಿ. ಜಪಾನಿನ ‘ಕೈರೇಯ್’ ನೌಕೆಯ ತಂಡವು ರೋಡ್ರಿಗ್ಸ್ ತ್ರಿಸಂಧಿಯ ಬಳಿ ಸುಮಾರು 2,400 ಮೀಟರ್ ಆಳದಲ್ಲಿ ಚಿಲುಮೆಗಳನ್ನು ಕಂಡು, ಆ ತಾಣಕ್ಕೆ ತನ್ನ ನೌಕೆಯ ಹೆಸರನ್ನೇ ಇಟ್ಟಿತು.

ಮರುವರ್ಷ, 2001ರ ಏಪ್ರಿಲಿನಲ್ಲಿ, ಸಿಂಡಿ ಲೀ ವ್ಯಾನ್ ಡೋವರ್ ಅವರ ನೇತೃತ್ವದ ಅಮೆರಿಕದ ತಂಡವು ‘ನಾರ್’ ನೌಕೆಯಲ್ಲಿ ಅಲ್ಲಿಗೆ ಬಂದಿತು. ಉತ್ತರಕ್ಕೆ ಇನ್ನೊಂದು ತಾಣವನ್ನು ಕಂಡುಹಿಡಿದು, 1977ರ ಗಲಾಪಗೋಸ್ ತಂಡದಲ್ಲಿದ್ದು ಆ ಏಪ್ರಿಲಿನಲ್ಲಿಯೇ ತೀರಿಕೊಂಡ ರಸಾಯನಶಾಸ್ತ್ರಜ್ಞ ಜಾನ್ ಎಡ್ಮಂಡ್ ಅವರ ಹೆಸರನ್ನು ಅದಕ್ಕಿಟ್ಟಿತು. ಕೈರೇಯ್ ತಾಣದಲ್ಲಿ ಆ ತಂಡಕ್ಕೆ ದೊರೆತದ್ದು, ಯಾವ ಪ್ರಾಣಿಶಾಸ್ತ್ರಜ್ಞನೂ ಅದುವರೆಗೆ ಕಂಡಿರದ ಬಸವನಹುಳು.

ಅದರ ಗಾತ್ರ ದೊಡ್ಡದಲ್ಲ. ಸಾಮಾನ್ಯವಾಗಿ ಮೂರು ಸೆಂಟಿಮೀಟರಿನಷ್ಟು, ಹೆಚ್ಚೆಂದರೆ ನಾಲ್ಕೂವರೆ. ಚಿಪ್ಪಿನಿಂದ ಹೊರಚಾಚುವ ಕಾಲಿನ ಇಕ್ಕೆಲಗಳಲ್ಲಿ ಹೆಂಚು ಹೊದಿಸಿದಂತೆ ಒಂದರ ಮೇಲೊಂದು ಕವಿದ ನೂರಾರು ಶಲ್ಕಗಳು. ಈಗ ಬದುಕಿರುವ ಬೇರೆ ಯಾವ ಬಸವನಹುಳುವಿಗೂ ಇಂಥ ಕಾಲಿಲ್ಲ. ಉದರಪಾದಿ ಎಂಬ ವರ್ಗನಾಮದ ಜಾಡಿನಲ್ಲಿ ಇದನ್ನು ಕನ್ನಡದಲ್ಲಿ ‘ಶಲ್ಕಪಾದಿ’ ಎಂದು ಕರೆಯಬಹುದು. ಇದಕ್ಕಿಂತಲೂ ಬೆರಗಿನ ಸಂಗತಿ ಶಲ್ಕಗಳ ಮೇಲಣ ಕಪ್ಪು ಹೊಳಪು. ಪರೀಕ್ಷಿಸಿದಾಗ ಅದು ಕಬ್ಬಿಣದ ಸಲ್ಫೈಡು ಎಂದು ತಿಳಿಯಿತು: ಪೈರೈಟ್ ಮತ್ತು ಗ್ರೈಗೈಟ್ ಎಂಬ ಖನಿಜಗಳು. ಎರಡನೆಯದಕ್ಕೆ ಕಾಂತಗುಣವೂ ಉಂಟು. ಕೆಲವು ಮೃದ್ವಂಗಿಗಳ ಹಲ್ಲುಗಳಲ್ಲಿ ಕಬ್ಬಿಣದ ಆಕ್ಸೈಡ್ ಇರುವುದು ಮೊದಲೇ ಗೊತ್ತಿತ್ತು. ಆದರೆ ಕಬ್ಬಿಣದ ಸಲ್ಫೈಡನ್ನು ತನ್ನ ಮೈಯ ಕವಚದಲ್ಲಿ ಧರಿಸಿದ, ಈಗಲೂ ಬದುಕಿರುವ ಪ್ರಾಣಿ ಇದೊಂದೇ.

2003ರಲ್ಲಿ ಸ್ವೀಡನ್ನಿನ ಆಂಡರ್ಸ್ ವಾರೆನ್ ಮತ್ತು ಅವರ ಸಹಲೇಖಕರು ‘ಸೈನ್ಸ್’ ಪತ್ರಿಕೆಯಲ್ಲಿ ಈ ಶೋಧವನ್ನು ಪ್ರಕಟಿಸಿದರು. ಶಲ್ಕದ ರಚನೆ, ಖನಿಜದ ಸ್ವರೂಪ, ಜೀವಿಯ ಬಳಗ ಎಲ್ಲವೂ ಅದರಲ್ಲಿದ್ದವು. ವಿಧಿವತ್ತಾದ ನಾಮಕರಣ ಮಾತ್ರ ಇರಲಿಲ್ಲ. ಕಾರಣವೇನೇ ಇರಲಿ, ಪರಿಣಾಮ ವಿಲಕ್ಷಣವಾಯಿತು. ಪತ್ರಿಕೆಗಳಿಗೆ ಶಲ್ಕಪಾದಿ ಒಂದು ಅದ್ಭುತವಾಗಿ ದೊರೆಯಿತು, ನಾಮಕೋಶಕ್ಕೆ ದೊರೆಯಲಿಲ್ಲ. 2010ರಲ್ಲಿ ಅಮೆರಿಕದ ಎಂಐಟಿಯ ವಿಜ್ಞಾನಿಗಳು ಇದರ ಚಿಪ್ಪಿನ ಮೂರು ಪದರಗಳನ್ನು ಅಳೆದರು. ಹೊರಗೆ ಕಬ್ಬಿಣದ ಸಲ್ಫೈಡಿನ ತೆಳುವಾದ ಪದರ, ನಡುವೆ ದಪ್ಪನೆಯ ಮೆತ್ತನೆಯ ಸಾವಯವ ಪದರ, ಒಳಗೆ ಸುಣ್ಣದ ಗಟ್ಟಿ ಪದರ. ಏಡಿಯ ಕೊಂಡಿ ಬಿಗಿದರೆ ಬಿರುಕು ಒಳಗೆ ಹಬ್ಬದಂತೆ ಈ ಜೋಡಣೆ ತಡೆಯುತ್ತದೆಂದು ತೋರಿಸಿದರು. ಸೈನಿಕರ ಕವಚದ ಅಭಿವೃದ್ಧಿಯಲ್ಲಿ ಆಸಕ್ತಿಯಿದ್ದ ಅಮೆರಿಕದ ಸೇನೆಯ ನೆರವೂ ಈ ಸಂಶೋಧನೆಗಿತ್ತು. ‘ಕಬ್ಬಿಣದ ಕವಚ ತೊಟ್ಟ ಬಸವನಹುಳು’ ಎಂಬ ಪ್ರಸಿದ್ಧಿ ಆಗ ಬಂದದ್ದು. ಅದು ಇಂದಿಗೂ ಅಳಿದಿಲ್ಲ.

ಆದರೆ ಆ ಪ್ರಸಿದ್ಧಿಗೆ ಒಂದು ವರ್ಷ ಮೊದಲೇ, 2009ರಲ್ಲಿ, ಜಪಾನಿನ ತಂಡವೊಂದು ಕೈರೇಯ್‌ನಿಂದ ವಾಯವ್ಯಕ್ಕೆ, ಮಾರಿಷಸ್ಸಿನ ವಿಶೇಷ ಆರ್ಥಿಕ ವಲಯದೊಳಗೆ ಡೋಡೋ, ಸಾಲಿಟೇರ್ ಎಂಬ ಎರಡು ತಾಣಗಳನ್ನು ಕಂಡಿತ್ತು. ಎರಡೂ ಆ ದ್ವೀಪಸಮೂಹದಲ್ಲಿ ಅಳಿದುಹೋದ, ಹಾರಲಾರದ ಹಕ್ಕಿಗಳ ಹೆಸರುಗಳು. ಡೋಡೋ ಮಾರಿಷಸ್ಸಿನದು, ಹದಿನೇಳನೆಯ ಶತಮಾನದಲ್ಲಿ ಕಣ್ಮರೆಯಾಯಿತು. ಸಾಲಿಟೇರ್ ರೋಡ್ರಿಗ್ಸ್ ದ್ವೀಪದ್ದು, ಹದಿನೆಂಟನೆಯದರಲ್ಲಿ. ಸಾಲಿಟೇರ್ ತಾಣದಲ್ಲಿಯೂ ಶಲ್ಕಪಾದಿಗಳಿದ್ದವು, ಆದರೆ ಬಿಳಿಯವು. ಅವುಗಳ ಶಲ್ಕಗಳಲ್ಲಿ ಕಬ್ಬಿಣದ ಹೊದಿಕೆ ಇರಲಿಲ್ಲ. ಬೇರೆ ಪ್ರಭೇದವಿರಬಹುದೆ ಎಂದರೆ, ಅನುವಂಶಿಕ ಪರೀಕ್ಷೆ ಅಲ್ಲವೆಂದಿತು. ಶಲ್ಕಗಳ ಬಲವನ್ನು ಅಳೆದಾಗ, ಕಬ್ಬಿಣವಿಲ್ಲದ ಬಿಳಿಯ ಶಲ್ಕಗಳೇ ಕಪ್ಪು ಶಲ್ಕಗಳಿಗಿಂತ ಗಟ್ಟಿಯಾಗಿದ್ದವು. ಸಾಲಿಟೇರ್‌ನ ನೀರಿನಲ್ಲಿ ಕಬ್ಬಿಣ ಕಡಮೆ. ಆದುದರಿಂದ ಮೈಯ ಮೇಲೂ ಇಲ್ಲ. 2019ರಲ್ಲಿ ಪ್ರಕಟವಾದ ಸಂಶೋಧನೆಯೊಂದು ಇದರ ಬಗೆಯನ್ನು ಮತ್ತಷ್ಟು ಬಿಡಿಸಿತು: ಜೀವಿಯು ತನ್ನ ಮೈಯೊಳಗಿನ ಗಂಧಕವನ್ನು ಶಲ್ಕದೊಳಗಣ ಸೂಕ್ಷ್ಮ ನಾಳಗಳ ಮೂಲಕ ಹೊರಗೆ ಹರಿಸುತ್ತದೆ, ಹೊರಗಿನ ನೀರಿನಿಂದ ಬರುವ ಕಬ್ಬಿಣ ಅದರೊಡನೆ ಸೇರಿ ಸಲ್ಫೈಡಿನ ಕಣಗಳಾಗುತ್ತದೆ. ಹೀಗೆಂದ ಮೇಲೆ ಕವಚದ ಕಥೆ ಬಹುಮಟ್ಟಿಗೆ ಸಡಿಲಗೊಳ್ಳುತ್ತದೆ. ವಿಷವಾಗಬಲ್ಲ ಗಂಧಕವನ್ನು ಹೊರಹಾಕುವ ದಾರಿಯೇ ಶಲ್ಕದ ಮುಖ್ಯ ಕೆಲಸವಿರಬಹುದು. ಕಬ್ಬಿಣದ ಹೊದಿಕೆ ಆ ದಾರಿಯ ಕೊನೆಯಲ್ಲಿ ನಿಂತ ಕಿಟ್ಟದಂಥದು. ಯೋಧನ ಉಪಮೆ ಮೋಹಕವಾಗಿತ್ತು. ಅದನ್ನು ಕಂಡುಕೊಂಡವರು ಯೋಧರಿಗಾಗಿಯೇ ಹುಡುಕುತ್ತಿದ್ದರು ಎಂಬುದನ್ನು ಮಾತ್ರ ಮರೆಯುವಂತಿಲ್ಲ.

ಇನ್ನು ನಾಮಕರಣದ ಮಾತು. ಪ್ರಾಣಿಗಳ ಶಾಸ್ತ್ರೀಯ ನಾಮಗಳ ಗಣನೆ 1758ರಲ್ಲಿ ಪ್ರಕಟವಾದ ಲಿನೇಯಸ್‌ನ ಗ್ರಂಥದ ಹತ್ತನೆಯ ಆವೃತ್ತಿಯಿಂದ ಆರಂಭವಾಗುತ್ತದೆ. ಹೆಸರು ಸಿಂಧುವಾಗಬೇಕಾದರೆ ಅದರೊಂದಿಗೆ ಲಕ್ಷಣಕಥನ ಪ್ರಕಟವಾಗಿರಬೇಕು. ಇಂದಿನ ನಿಯಮದಂತೆ ಒಂದು ನಿರ್ದಿಷ್ಟ ದೇಹವನ್ನು ಮೂಲಮಾದರಿಯೆಂದು ಗೊತ್ತುಪಡಿಸಿ, ಅದಿರುವ ಸ್ಥಳವನ್ನೂ ತಿಳಿಸಬೇಕು. ಗ್ರಂಥಸಂಪಾದನೆಯ ಪರಿಚಯವಿರುವವರಿಗೆ ಇದು ಹೊಸದೆನಿಸದು. ಪಾಠಾಂತರಗಳೆಷ್ಟೇ ಇರಲಿ, ಯಾವ ಓಲೆಪ್ರತಿಯನ್ನು ಆಧಾರವಾಗಿಟ್ಟುಕೊಂಡಿದೆಯೆಂದು ಸಂಪಾದಕ ಹೇಳಲೇಬೇಕಲ್ಲವೆ? ಹಾಗೆಯೇ ಇಲ್ಲಿಯೂ ಹೆಸರು ಆ ಒಂದು ದೇಹಕ್ಕೆ ಕಟ್ಟಿದ್ದು. ಉಳಿದವೆಲ್ಲ ಅದರೊಂದಿಗಿನ ಹೋಲಿಕೆಯಿಂದ ಆ ಹೆಸರನ್ನು ಪಡೆಯುತ್ತವೆ. ಲಕ್ಷಣಕಥನವಿಲ್ಲದೆ ಬಾಯಿಂದ ಬಾಯಿಗೆ ಹಬ್ಬಿದ ಹೆಸರಿಗೆ ಪ್ರಾಣಿಶಾಸ್ತ್ರಜ್ಞರು ‘ನಗ್ನನಾಮ’ ಎಂಬ ಅರ್ಥದ ಲ್ಯಾಟಿನ್ ಪದವನ್ನು ಬಳಸುತ್ತಾರೆ. ಶಲ್ಕಪಾದಿಗೆ ಹಲವು ವರ್ಷ ಇದ್ದದ್ದು ಇಂಥ ನಗ್ನನಾಮವೇ. ಜನ ಬಳಸುತ್ತಿದ್ದರು, ಶಾಸ್ತ್ರ ಒಪ್ಪುತ್ತಿರಲಿಲ್ಲ.

‘ಜೇಮ್ಸ್ ಕುಕ್’ ತಂದ ಮಾದರಿಗಳನ್ನು ಆಧರಿಸಿ, ಆಕ್ಸ್‌ಫರ್ಡ್ ವಿಶ್ವವಿದ್ಯಾನಿಲಯದಲ್ಲಿ ಸಂಶೋಧನೆ ನಡೆಸುತ್ತಿದ್ದ ಚೋಂಗ್ ಚೆನ್ ಅವರು ಕಾಟ್ರಿನ್ ಲಿನ್ಸೆ, ಜಾನ್ ಕಾಪ್ಲಿ, ಅಲೆಕ್ಸ್ ರಾಜರ್ಸ್ ಅವರೊಂದಿಗೆ 2015ರಲ್ಲಿ ಮೃದ್ವಂಗಿಗಳ ಅಧ್ಯಯನದ ಪತ್ರಿಕೆಯೊಂದರಲ್ಲಿ ವಿಧಿವತ್ತಾದ ವರ್ಣನೆಯನ್ನು ಪ್ರಕಟಿಸಿದರು. ಹೊಸ ಪ್ರಭೇದವಷ್ಟೇ ಆಗಿರದೆ ಹೊಸ ಕುಲವೂ ಆಗಿದ್ದುದರಿಂದ ಎರಡೂ ಪದಗಳು ಹೊಸವು: ಕ್ರೈಸೊಮ್ಯಾಲನ್ ಸ್ಕ್ವಾಮಿಫೆರಮ್. ಎರಡನೆಯ ಪದ ಲ್ಯಾಟಿನ್, ಶಲ್ಕಧಾರಿ ಎಂದರ್ಥ. ಮೊದಲನೆಯದು ಗ್ರೀಕ್, ಚಿನ್ನದ ಕೂದಲಿನದು ಎಂದರ್ಥ. ಪೈರೈಟ್ ಹೊಂಬಣ್ಣದ ಖನಿಜವಾದ್ದರಿಂದ ಈ ಹೆಸರು ಒಪ್ಪುತ್ತದೆ. ನಮ್ಮ ರಸಶಾಸ್ತ್ರ ಗ್ರಂಥಗಳು ‘ಸುವರ್ಣಮಾಕ್ಷಿಕ’ವೆಂದು ಹೊಗಳಿದ್ದು ಇದೇ ಬಳಗದ ಖನಿಜವನ್ನು, ಬಣ್ಣದಲ್ಲಿ ಮಾತ್ರ ಚಿನ್ನ. ಗ್ರೀಕ್ ಪುರಾಣ ಬಲ್ಲವರಿಗೆ ಇನ್ನೊಂದು ನೆನಪೂ ಬಾರದಿರದು. ಚಿನ್ನದ ಉಣ್ಣೆಯ ಟಗರಿನ ಹೆಸರು ಕ್ರೈಸೊಮ್ಯಾಲಸ್. ಅದರ ತುಪ್ಪುಳನ್ನು ತರಲು ಕಡಲು ದಾಟಿಹೋದ ವೀರ ಜೇಸನ್. 2001ರಲ್ಲಿ ಕೈರೇಯ್ ತಾಣಕ್ಕಿಳಿದು ಈ ಬಸವನಹುಳುವನ್ನು ಹೊತ್ತು ತಂದ ಯಂತ್ರದ ಹೆಸರೂ ‘ಜೇಸನ್’. ಕಾಕತಾಳೀಯವಿದ್ದರೂ ಇರಬಹುದು, ಕಥೆಗಾರನೊಬ್ಬ ಹೀಗೆ ಹೆಣೆದಿದ್ದರೆ ವಿಮರ್ಶಕರು ಅತಿಯಾಯಿತೆನ್ನುತ್ತಿದ್ದರು.

ಅದೇ ವರ್ಷ ಚೆನ್ ಮತ್ತು ಸಂಗಡಿಗರು ಇದರ ಅಂಗರಚನೆಯನ್ನೂ ಬಿಡಿಸಿಟ್ಟರು. ಶಲ್ಕಪಾದಿ ಮೇಯುವ ಪ್ರಾಣಿಯಲ್ಲ. ಅದರ ಜೀರ್ಣಾಂಗ ಕುಗ್ಗಿಹೋಗಿದೆ. ಅನ್ನನಾಳಕ್ಕೆ ಸೇರಿದ ಗ್ರಂಥಿಯೊಂದು ಅಗಾಧವಾಗಿ ಬೆಳೆದು ಬ್ಯಾಕ್ಟೀರಿಯಾಗಳ ಮನೆಯಾಗಿದೆ. ಆ ಬ್ಯಾಕ್ಟೀರಿಯಾಗಳು ಗಂಧಕದಿಂದ ಶಕ್ತಿ ಪಡೆದು ತಯಾರಿಸುವುದೇ ಇದರ ಆಹಾರ. ಅವುಗಳಿಗೆ ಆಮ್ಲಜನಕವನ್ನೂ ಸಲ್ಫೈಡನ್ನೂ ಎಡೆಬಿಡದೆ ಒದಗಿಸಬೇಕಾದುದರಿಂದ ಹೃದಯ ದೇಹದ ಗಾತ್ರದ ಶೇ. 4ರಷ್ಟಿದೆ. ಮನುಷ್ಯನಲ್ಲಿ ಈ ಪ್ರಮಾಣ ಇದಕ್ಕಿಂತ ಬಹಳ ಕಡಮೆ. ಅತಿಥಿಗಳನ್ನು ಉಣಿಸಲು ದುಡಿಯುವ ಗೃಹಸ್ಥನ ಹಾಗೆ, ಈ ದೇಹದ ವಿನ್ಯಾಸವೆಲ್ಲ ಒಳಗಿರುವವರ ಅಗತ್ಯಕ್ಕಾಗಿ ರೂಪುಗೊಂಡಿದೆ. ಇದರಿಂದ ಸಿದ್ಧವಾಗುವ ಇನ್ನೊಂದು ವಿಷಯ: ಚಿಲುಮೆ ಆರಿದರೆ ಅಥವಾ ಮುಚ್ಚಿಹೋದರೆ ಈ ಜೀವಿಗೆ ಬೇರೆ ಜೀವನೋಪಾಯವಿಲ್ಲ.

ಚಿಲುಮೆಯ ಬಾಯಲ್ಲಿಯೇ ಅದಿರೂ ಇರುವುದು ಇಲ್ಲಿನ ತೊಡಕು. ಬಿಸಿನೀರು ಹೊತ್ತುತರುವ ಲೋಹಗಳು ತಣ್ಣೀರಿಗೆ ತಾಗಿದೊಡನೆ ಗರಣೆಗಟ್ಟಿ ಗೋಪುರಗಳಾಗುತ್ತವೆ; ಅವೇ ಬಹುಲೋಹ ಸಲ್ಫೈಡಿನ ನಿಕ್ಷೇಪಗಳು. ಯಾವ ರಾಷ್ಟ್ರದ ಎಲ್ಲೆಗೂ ಸೇರದ ಸಾಗರತಳ ಮಾನವಕುಲದ ಸಾಮಾನ್ಯ ಸ್ವತ್ತಾಗಬೇಕೆಂದು 1967ರಲ್ಲಿ ವಿಶ್ವಸಂಸ್ಥೆಯಲ್ಲಿ ವಾದಿಸಿದವರು ಮಾಲ್ಟಾದ ಅರ್ವಿಡ್ ಪಾರ್ಡೊ. ಆ ವಾದ 1982ರ ಸಮುದ್ರ ಕಾನೂನು ಒಪ್ಪಂದದಲ್ಲಿ ನೆಲೆಗೊಂಡಿತು. ಅದರಂತೆ 1994ರಲ್ಲಿ ಜಮೈಕದ ಕಿಂಗ್‌ಸ್ಟನ್ನಿನಲ್ಲಿ ಸಾಗರತಳ ಪ್ರಾಧಿಕಾರ ಸ್ಥಾಪನೆಯಾಯಿತು. ಸಲ್ಫೈಡು ಶೋಧದ ನಿಯಮಗಳು 2010ರಲ್ಲಿ ಅಂಗೀಕಾರವಾದವು. ಮರುವರ್ಷವೇ ಚೀನಾದ ಕರಾರು. ಲೋಂಗ್‌ಚಿ ತಾಣ ಅದರ ಎಲ್ಲೆಯೊಳಗೆ ಬಂದಿತು. 2015ರ ಮೇ ತಿಂಗಳಲ್ಲಿ ಜರ್ಮನಿಯ ಭೂವಿಜ್ಞಾನ ಸಂಸ್ಥೆ ಮಧ್ಯ ಹಾಗೂ ಆಗ್ನೇಯ ಪರ್ವತಶ್ರೇಣಿಗಳಲ್ಲಿ ಕರಾರು ಪಡೆಯಿತು. ಕೈರೇಯ್ ತಾಣ ಅದರೊಳಗೆ ಸೇರಿತು. 2016ರ ಸೆಪ್ಟೆಂಬರಿನಲ್ಲಿ ಭಾರತ ಸರ್ಕಾರದ ಭೂವಿಜ್ಞಾನ ಮಂತ್ರಾಲಯವೂ ಇದೇ ಮಹಾಸಾಗರದಲ್ಲಿ 10,000 ಚದರ ಕಿಲೋಮೀಟರಿಗೆ ಸಹಿ ಹಾಕಿತು. ಹೆಸರು ಬಂದ ವರ್ಷವೇ ಎರಡನೆಯ ಕರಾರು ಬಂದಿತೆಂಬುದು ಗಮನಾರ್ಹ. ಶಲ್ಕಪಾದಿಯ ಮೂಲಮಾದರಿ ದೊರೆತ ಲೋಂಗ್‌ಚಿಯಂತೂ, ಆ ಹೆಸರು ಅಚ್ಚಾಗುವ ಹೊತ್ತಿಗೆ, ನಾಲ್ಕು ವರ್ಷದಿಂದ ಶೋಧದ ಗುತ್ತಿಗೆಯಲ್ಲಿತ್ತು.

ಹೆಸರಿನಿಂದ ಆದ ಲಾಭವೇನು ಎಂಬ ಪ್ರಶ್ನೆಗೆ ಉತ್ತರ 2019ರಲ್ಲಿ ಸಿಕ್ಕಿತು. ಅಳಿವಿನ ಅಪಾಯದಲ್ಲಿರುವ ಜೀವಿಗಳ ಕೆಂಪು ಪಟ್ಟಿಗೆ ಸೇರಬೇಕಾದರೆ ಸಾಮಾನ್ಯವಾಗಿ ಪ್ರಭೇದಕ್ಕೆ ಪ್ರಕಟಿತ ನಾಮವಿರಬೇಕು. ನಗ್ನನಾಮದ ಜೀವಿ ಕೆಂಪು ಪಟ್ಟಿಯ ಬಾಗಿಲಲ್ಲಿಯೇ ನಿಲ್ಲುತ್ತದೆ. ಜೂಲಿಯಾ ಸಿಗ್ವಾರ್ಟ್, ಚೋಂಗ್ ಚೆನ್ ಮೊದಲಾದವರ ಪ್ರಯತ್ನದಿಂದ 2019ರ ಜುಲೈನಲ್ಲಿ ಶಲ್ಕಪಾದಿ ‘ಅಪಾಯಕ್ಕೊಳಗಾದ’ ಪ್ರಭೇದವೆಂದು ಪಟ್ಟಿಯಾಯಿತು. ಆಳಸಮುದ್ರದ ಗಣಿಗಾರಿಕೆಯ ಕಾರಣದಿಂದ ಆ ಪಟ್ಟಿಗೆ ಸೇರಿದ ಮೊದಲ ಜೀವಿ ಇದು. ಆಗ ತಿಳಿದಿದ್ದ ತಾಣಗಳು ಮೂರು. ಮೂರನ್ನೂ ಕೂಡಿಸಿದರೆ ಹೆಚ್ಚುಕಡಮೆ 0.02 ಚದರ ಕಿಲೋಮೀಟರ್, ಎಂದರೆ ನಮ್ಮ ಲೆಕ್ಕದಲ್ಲಿ ಸುಮಾರು ಐದು ಎಕರೆ. ಅವುಗಳಲ್ಲಿ ಎರಡು ಕರಾರಿನೊಳಗೆ. ಲೋಂಗ್‌ಚಿಗೂ ಉಳಿದೆರಡಕ್ಕೂ ನಡುವೆ ಎರಡು ಸಾವಿರ ಕಿಲೋಮೀಟರಿಗೂ ಹೆಚ್ಚಿನ ಅಂತರವಿದ್ದು, ಅಲ್ಲಿಂದಿಲ್ಲಿಗೆ ಮರಿಗಳ ಸಂಚಾರ ತೀರ ವಿರಳವೆಂದು ಅನುವಂಶಿಕ ಅಧ್ಯಯನ ತೋರಿಸಿತ್ತು. ಒಂದು ಕಡೆ ಅಳಿದರೆ ಇನ್ನೊಂದು ಕಡೆಯಿಂದ ತುಂಬಿಕೊಳ್ಳುತ್ತದೆಂಬ ಭರವಸೆಗೆ ಆಧಾರವಿಲ್ಲ.

ಶಲ್ಕಪಾದಿ ತೆರೆದ ದಾರಿಯಲ್ಲಿ ಉಳಿದವೂ ಬಂದವು. 2021ರಲ್ಲಿ ಪ್ರಕಟವಾದ ಅಧ್ಯಯನವು ಜಗತ್ತಿನ ಚಿಲುಮೆಗಳಲ್ಲಿ ಮಾತ್ರ ಬದುಕುವ 184 ಮೃದ್ವಂಗಿ ಪ್ರಭೇದಗಳನ್ನು ತೂಗಿನೋಡಿ, ಶೇ. 62ರಷ್ಟು ಅಪಾಯದಲ್ಲಿವೆಯೆಂದಿತು. ಹಿಂದೂ ಮಹಾಸಾಗರದ ಪಾಲಿಗೆ ಈ ಅಂಕಿ ಶೇ. 100, ಅವುಗಳಲ್ಲಿ ಶೇ. 60ರಷ್ಟು ತೀವ್ರ ಅಪಾಯದವು. ಕೆಂಪು ಪಟ್ಟಿಗೆ ತನ್ನಷ್ಟಕ್ಕೆ ಕಾನೂನಿನ ಬಲವಿಲ್ಲ; ಪ್ರಾಧಿಕಾರ ಅದಕ್ಕೆ ಬದ್ಧವಾಗಿರಬೇಕೆಂದಿಲ್ಲ. ಆದರೂ ಚರ್ಚೆಯ ಸ್ವರೂಪ ಬದಲಾಯಿತು. ಅದುವರೆಗೆ ‘ಜೀವಸಮುದಾಯ’, ‘ಪರಿಸರದ ಮೇಲಣ ಪರಿಣಾಮ’ ಎಂಬ ಸಾಮಾನ್ಯ ನುಡಿಗಳಿದ್ದ ಕಡೆ, ಬೆರಳು ತೋರಿಸಿ ಹೇಳಬಹುದಾದ ಹೆಸರುಗಳು ಬಂದವು. 1886ರಲ್ಲಿ ವಾಟ್ಸನ್ ತಮ್ಮ ಮೇಜಿನ ಮೇಲೆ ಮಾಡುತ್ತಿದ್ದ ಕೆಲಸ, ಚಿಪ್ಪಿನ ಗೆರೆಯೆಣಿಸಿ ಹೆಸರಿಡುವ ಆ ಒಣಶಾಸ್ತ್ರ, ಹೀಗೆ ಅಂತಾರಾಷ್ಟ್ರೀಯ ವ್ಯವಹಾರದಲ್ಲಿ ಸಾಕ್ಷ್ಯವಾಗಿ ನಿಲ್ಲಬಹುದೆಂದು ಅವರಿಗೂ ಹೊಳೆದಿರಲಾರದು.

ಪ್ರತಿವಾದಕ್ಕೂ ಸ್ಥಾನ ಕೊಡಬೇಕು. ಕರಾರುಗಳೆಲ್ಲ ಶೋಧಕ್ಕೆ ಮಾತ್ರ. ಅಗೆಯಲು ಇನ್ನೂ ಯಾರಿಗೂ ಅನುಮತಿಯಿಲ್ಲ. ಗುತ್ತಿಗೆದಾರರು ಜೀವಿಗಳ ಸಮೀಕ್ಷೆ ನಡೆಸಬೇಕೆಂದು ನಿಯಮವಿದೆ. ಅರ್ಧದಷ್ಟು ಪ್ರದೇಶವನ್ನು ಎಂಟನೆಯ ವರ್ಷದೊಳಗೆ, ಮುಕ್ಕಾಲು ಭಾಗವನ್ನು ಹತ್ತನೆಯ ವರ್ಷದೊಳಗೆ ಹಿಂದಿರುಗಿಸಬೇಕೆಂದೂ ಇದೆ. ಈಚಿನ ವರ್ಷಗಳಲ್ಲಿ ಉತ್ತರದ ಕಾರ್ಲ್ಸ್‌ಬರ್ಗ್ ಶ್ರೇಣಿಯೂ ಸೇರಿದಂತೆ ಇನ್ನೂ ಕೆಲವು ತಾಣಗಳಲ್ಲಿ ಶಲ್ಕಪಾದಿ ಕಂಡುಬಂದಿದೆಯಷ್ಟೆ. ಅವುಗಳಲ್ಲಿ ಕೆಲವು ಅದಿರು ಹುಡುಕಹೊರಟ ಹಡಗುಗಳೇ ಕಂಡವು. 1860ರ ತಂತಿಹುರಿಯ ಪ್ರಸಂಗ ಇಲ್ಲಿ ಮರುಕಳಿಸಿದೆ ಎನ್ನಬಹುದು. ಆದರೆ ತಂತಿಹುರಿಗೆ ಹವಳದ ನೆಲೆಯನ್ನು ಕಿತ್ತುಹಾಕುವ ಉದ್ದೇಶವಿರಲಿಲ್ಲ ಎಂಬ ಭೇದವನ್ನು ಮರೆಯಲಾಗದು.

2024ರ ಡಿಸೆಂಬರಿನಲ್ಲಿ ಭಾರತದ ವಿಜ್ಞಾನಿಗಳು ಹಿಂದೂ ಮಹಾಸಾಗರದಲ್ಲಿ ಸುಮಾರು 4,500 ಮೀಟರ್ ಆಳದ ಸಕ್ರಿಯ ಚಿಲುಮೆಯೊಂದರ ಚಿತ್ರ ತೆಗೆದರು. ಭಾರತದ ಮಟ್ಟಿಗೆ ಅದು ಮೊದಲನೆಯದು. 2025ರ ಸೆಪ್ಟೆಂಬರಿನಲ್ಲಿ ಕಾರ್ಲ್ಸ್‌ಬರ್ಗ್ ಶ್ರೇಣಿಯ 10,000 ಚದರ ಕಿಲೋಮೀಟರಿಗೆ ಭಾರತ ತನ್ನ ಎರಡನೆಯ ಸಲ್ಫೈಡು ಕರಾರನ್ನು ಪಡೆಯಿತು. ಡೆನ್ಮಾರ್ಕಿನ ‘ಡಾನಾ’ ನೌಕೆಯ 1928–30ರ ಯಾನದಲ್ಲಿ ಗುರುತಿಸಿ, ಆ ಯಾನಕ್ಕೆ ಹಣ ಕೊಟ್ಟ ಪ್ರತಿಷ್ಠಾನದ ಹೆಸರನ್ನಿಟ್ಟ ಶ್ರೇಣಿ ಅದು. ಅದೇ ವರ್ಷದ ಜುಲೈನಲ್ಲಿ ಕಿಂಗ್‌ಸ್ಟನ್ನಿನ ಅಧಿವೇಶನ ಮುಗಿದಾಗಲೂ ಗಣಿಗಾರಿಕೆಯ ನಿಯಮಾವಳಿ ಅಂಗೀಕಾರವಾಗಿರಲಿಲ್ಲ. ಲೋಂಗ್‌ಚಿಯನ್ನೊಳಗೊಂಡ 2011ರ ಕರಾರಿನ ಹದಿನೈದು ವರ್ಷ 2026ರ ನವೆಂಬರ್ ತಿಂಗಳಿಗೆ ತುಂಬುತ್ತದೆ. ಐದು ವರ್ಷಗಳ ಮಟ್ಟಿಗೆ ಅದನ್ನು ವಿಸ್ತರಿಸಲು ನಿಯಮದಲ್ಲಿ ಅವಕಾಶವಿದೆ.